ಚಿಶು ರಿಯು ಎಂದಾದರೂ ಯುವಕರಾಗಿದ್ದರೇ? ಅವರ ವೃತ್ತಿಜೀವನದ ಬಗ್ಗೆ ಒಂದು ಪ್ರಶ್ನೆ

ಹೊಸ್ತಿಲು ಕೇಳಿದ್ದಾರೆ:

ಎಲ್ಲರಿಗೂ ನಮಸ್ಕಾರ. ಕಳೆದ ಎರಡು ತಿಂಗಳಿನಿಂದ ಜಪಾನಿನ ನಿರ್ದೇಶಕ ಯಾಸುಜಿರೊ ಓಜು ಅವರ ಚಿತ್ರಗಳನ್ನು ಬಿಡುವಾದಾಗಲೆಲ್ಲ ನೋಡುತ್ತಿದ್ದೇನೆ. ಮೊದಲು ನೋಡಿದ್ದು 1953ರ ‘ಟೋಕಿಯೋ ಸ್ಟೋರಿ’, ಆಮೇಲೆ 1949ರ ‘ಲೇಟ್ ಸ್ಪ್ರಿಂಗ್’, ಕೊನೆಗೆ 1962ರ ‘ಆ್ಯನ್ ಆಟಮ್ ಆಫ್ಟರ್‌ನೂನ್’. ಮೂರರಲ್ಲಿಯೂ ತಂದೆಯ ಪಾತ್ರ ಚಿಶು ರಿಯು ಅವರದೇ. ಚಿತ್ರಗಳನ್ನು ತಯಾರಾದ ಕ್ರಮದಲ್ಲಿ ಜೋಡಿಸಿಕೊಂಡು ಯೋಚಿಸಿದಾಗ ಲೆಕ್ಕ ತಪ್ಪುತ್ತದೆ. ಮೊದಲನೆಯದರಲ್ಲಿ ಅವರು ಐವತ್ತು ದಾಟಿದ ಪ್ರಾಧ್ಯಾಪಕರು. ನಾಲ್ಕೇ ವರ್ಷಗಳಲ್ಲಿ ಎಪ್ಪತ್ತರ ಆಸುಪಾಸಿನ ಮುದುಕರು. ಅದಾಗಿ ಒಂಬತ್ತು ವರ್ಷ ಕಳೆದ ಮೇಲೆ ನೋಡಿದರೆ ಮತ್ತೆ ಕಚೇರಿಗೆ ಹೋಗಿ ಬರುವ ಗಟ್ಟಿಮುಟ್ಟಾದ ಗೃಹಸ್ಥರು. ಇವರ ನಿಜವಾದ ವಯಸ್ಸು ಆಗ ಎಷ್ಟಿತ್ತು? ಇವರು ತೆರೆಯ ಮೇಲೆ ಎಂದಾದರೂ ಯುವಕರಾಗಿ ಕಾಣಿಸಿಕೊಂಡಿದ್ದುಂಟೇ?

ಇನ್ನೊಂದು ಪ್ರಶ್ನೆಯೂ ಇದೆ. ‘ಟೋಕಿಯೋ ಸ್ಟೋರಿ’ಯನ್ನು ನಮ್ಮ ತಾಯಿಯವರ ಜೊತೆ ಕುಳಿತು ನೋಡಿದೆ. ಚಿತ್ರದ ಆರಂಭದಲ್ಲಿ ಗಂಡ ಹೆಂಡತಿ ಪ್ರಯಾಣಕ್ಕೆ ಸಾಮಾನು ಕಟ್ಟುತ್ತಿರುತ್ತಾರೆ. ಗಾಳಿ ತುಂಬುವ ದಿಂಬು ಕಾಣುವುದಿಲ್ಲ. ನಿಮಗೇ ಕೊಟ್ಟಿದ್ದೇನಲ್ಲ ಎಂದು ಹೆಂಡತಿ, ನನ್ನ ಹತ್ತಿರ ಇಲ್ಲ ಎಂದು ಗಂಡ. ಸ್ವಲ್ಪ ಹೊತ್ತಿನ ಮೇಲೆ ಅದು ಗಂಡನ ಸಾಮಾನಿನಲ್ಲಿಯೇ ಸಿಗುತ್ತದೆ, ಆತ ಯಾವ ಮುಜುಗರವೂ ಇಲ್ಲದೆ ‘ಇಲ್ಲೇ ಇದೆ’ ಎಂದುಬಿಡುತ್ತಾರೆ. ನಮ್ಮ ತಾಯಿಯವರು ನಕ್ಕು, “ಇವರು ಆಕ್ಟ್ ಮಾಡ್ತಾನೇ ಇಲ್ಲವಲ್ಲೋ, ಥೇಟ್ ನಿಮ್ಮಪ್ಪ” ಎಂದರು. ಅವರು ಅದನ್ನು ಮೆಚ್ಚುಗೆಯಿಂದಲೇ ಹೇಳಿದ್ದು. ಆದರೂ ಅಂದಿನಿಂದ ನನ್ನನ್ನು ಕಾಡುತ್ತಿರುವ ಸಂದೇಹವೆಂದರೆ, ಇದು ನಟನೆಯೋ ಅಥವಾ ತಕ್ಕ ಮುಖವೊಂದನ್ನು ತಕ್ಕ ಜಾಗದಲ್ಲಿ ಕೂರಿಸಿದ ನಿರ್ದೇಶಕರ ಜಾಣ್ಮೆಯೋ? ತಿಳಿದವರು ದಯವಿಟ್ಟು ಹೇಳಬೇಕು.

ಹಳೇ ರೀಲು ಉತ್ತರಿಸಿದ್ದಾರೆ:

ಮೊದಲು ವಯಸ್ಸಿನ ಲೆಕ್ಕವನ್ನು ಬಗೆಹರಿಸೋಣ. ರಿಯು ಹುಟ್ಟಿದ್ದು 1904ರ ಮೇ 13ರಂದು, ಕ್ಯೂಶು ದ್ವೀಪದ ಕುಮಾಮೊಟೊ ಪ್ರಾಂತ್ಯದ ಹಳ್ಳಿಯೊಂದರಲ್ಲಿ. ಅಂದರೆ ‘ಲೇಟ್ ಸ್ಪ್ರಿಂಗ್’ ತಯಾರಾದಾಗ ಅವರಿಗೆ 45, ಪಾತ್ರಕ್ಕೆ 56. ‘ಟೋಕಿಯೋ ಸ್ಟೋರಿ’ಯ ಹೊತ್ತಿಗೆ ಅವರಿಗೆ ಇನ್ನೂ 49. ಆ ಚಿತ್ರದಲ್ಲಿ ಅವರ ಹಿರಿಯ ಮಗನಾಗಿ ನಟಿಸಿದ ಸೊ ಯಾಮಾಮುರಾ, ರಿಯು ಅವರಿಗಿಂತ ಆರು ವರ್ಷ ಚಿಕ್ಕವರು, ಹಿರಿಯ ಮಗಳಾದ ಹರುಕೊ ಸುಗಿಮುರಾ ಐದು ವರ್ಷ ಚಿಕ್ಕವರು, ಆದರೆ ಹೆಂಡತಿಯಾದ ಚಿಯೆಕೊ ಹಿಗಾಶಿಯಾಮಾ ಹದಿನಾಲ್ಕು ವರ್ಷ ದೊಡ್ಡವರು! ಇಷ್ಟಕ್ಕೇ ಬೆರಗಾಗಬೇಡಿ. ಅದಕ್ಕೆ ಎರಡು ವರ್ಷ ಮೊದಲು ಬಂದ ‘ಅರ್ಲಿ ಸಮ್ಮರ್’ ಚಿತ್ರದಲ್ಲಿ ಇದೇ ಹಿಗಾಶಿಯಾಮಾ ರಿಯು ಅವರಿಗೆ ತಾಯಿ. ತಂದೆಯಾಗಿ ನಟಿಸಿದ ಇಚಿರೊ ಸುಗಾಯಿ ಅವರಿಗಿಂತ ರಿಯು ಅವರೇ ವಯಸ್ಸಿನಲ್ಲಿ ಹಿರಿಯರು. ಸೆತ್ಸುಕೊ ಹರಾ ಅವರಂತೂ ‘ಲೇಟ್ ಸ್ಪ್ರಿಂಗ್’ನಲ್ಲಿ ಮಗಳು, ‘ಅರ್ಲಿ ಸಮ್ಮರ್’ನಲ್ಲಿ ತಂಗಿ, ‘ಟೋಕಿಯೋ ಸ್ಟೋರಿ’ಯಲ್ಲಿ ಸೊಸೆ. ಸುಗಿಮುರಾ ಮೊದಲನೆಯದರಲ್ಲಿ ತಂಗಿಯಾಗಿದ್ದವರು ಮೂರನೆಯದರಲ್ಲಿ ಮಗಳಾದರು. ಒಂದೇ ಬಯಲಾಟದ ಮೇಳದಲ್ಲಿ ರಾತ್ರಿಗೊಂದು ವೇಷ ಕಟ್ಟುವವರಂತೆ ಇವರೆಲ್ಲ ನೆಂಟಸ್ತಿಕೆಗಳನ್ನು ಬದಲಾಯಿಸಿಕೊಳ್ಳುತ್ತಿದ್ದರು. ಕಡೆಗೆ 1962ರಲ್ಲಿ, ತಾವು ನೋಡಿದ ಮೂರನೆಯ ಚಿತ್ರದ ಕಾಲಕ್ಕೆ, ರಿಯು ಅವರಿಗೆ 58 ತುಂಬಿತ್ತು. ಪಾತ್ರದ ವಯಸ್ಸೂ ನಟನ ವಯಸ್ಸೂ ಆಗ ಹೆಚ್ಚುಕಡಿಮೆ ಒಂದೇ ಗೆರೆಗೆ ಬಂದವು. ಅದಕ್ಕೇ ಅವರು ತಮಗೆ ‘ಮತ್ತೆ ಚಿಕ್ಕವರಾದಂತೆ’ ಕಂಡಿದ್ದು.

ಈಗ ಹಿನ್ನೆಲೆ. ಅವರ ತಂದೆ ಬೌದ್ಧ ಗುಡಿಯೊಂದರ ಅರ್ಚಕರು, ಮನೆಯೂ ಗುಡಿಯ ಆವರಣದಲ್ಲಿಯೇ. ಗುಡಿಯ ಹೊಣೆಯನ್ನು ಮಗ ವಹಿಸಿಕೊಳ್ಳಬೇಕೆಂಬ ನಿರೀಕ್ಷೆ ಇದ್ದದ್ದರಿಂದ ಅವರನ್ನು ಟೋಕಿಯೋದ ತೋಯೋ ವಿಶ್ವವಿದ್ಯಾಲಯಕ್ಕೆ ಕಳುಹಿಸಲಾಯಿತು, ಅದೂ ಭಾರತೀಯ ತತ್ತ್ವಶಾಸ್ತ್ರ ಓದಲು. ಓದು ನಡುವೆಯೇ ನಿಂತಿತು. 1925ರಲ್ಲಿ ಅವರು ಶೋಚಿಕು ಸಂಸ್ಥೆಯ ಕಾಮಾತಾ ಸ್ಟುಡಿಯೊದಲ್ಲಿ ತರಬೇತಿ ನಟರಾಗಿ ಸೇರಿಕೊಂಡರು. ಅಲ್ಲಿಂದ ಮುಂದೆ ಸುಮಾರು ಹತ್ತು ವರ್ಷ ಅವರ ಪಾಲಿಗೆ ಬಂದದ್ದೆಲ್ಲ ಗುಂಪಿನ ಪಾತ್ರಗಳು, ಬಂದು ಹೋಗುವ ಪಾತ್ರಗಳು. ಓಜು ಅವರ ಮೂಕಿ ಚಿತ್ರಗಳಲ್ಲಿ, ಉದಾಹರಣೆಗೆ 1929ರ ‘ಡೇಸ್ ಆಫ್ ಯೂತ್’ನಲ್ಲಿ, ಅವರು ವಿದ್ಯಾರ್ಥಿಗಳ ನಡುವೆ ಒಬ್ಬ ವಿದ್ಯಾರ್ಥಿ. ಹಾಗಾಗಿ ತಮ್ಮ ಪ್ರಶ್ನೆಗೆ ಚಿಕ್ಕ ಉತ್ತರ ಇದು: ಯುವಕರಾಗಿದ್ದರು, ಆದರೆ ಆಗ ಅವರತ್ತ ಯಾರೂ ನೋಡಲಿಲ್ಲ.

ಜನ ನೋಡತೊಡಗಿದ್ದು 1936ರಲ್ಲಿ. ಓಜು ಅವರ ಮೊದಲ ಮಾತಿನ ಕಥಾಚಿತ್ರ ‘ದಿ ಓನ್ಲಿ ಸನ್’ನಲ್ಲಿ ಅವರು ಹಳ್ಳಿಯ ಶಾಲೆಯ ಮೇಷ್ಟ್ರು, ದೊಡ್ಡ ಕನಸು ಹೊತ್ತು ಟೋಕಿಯೋಗೆ ಹೋಗಿ, ಕೊನೆಗೆ ಕರಿದ ಹಂದಿಮಾಂಸದ ಅಂಗಡಿ ಇಟ್ಟುಕೊಂಡು ಹೊಟ್ಟೆ ಹೊರೆಯುವ ವ್ಯಕ್ತಿ. ಮೂವತ್ತೆರಡರ ನಟ ಕತೆಯ ನಡುವೆ ವಯಸ್ಸಾದವರಾಗಿ ಬದಲಾಗುವುದನ್ನು ಅಲ್ಲಿ ಕಾಣಬಹುದು. ಆರು ವರ್ಷಗಳ ಮೇಲೆ, 1942ರ ‘ದೇರ್ ವಾಸ್ ಎ ಫಾದರ್’ನಲ್ಲಿ, ರಿಯು ಅವರನ್ನು ಓಜು ನಾಯಕನಾಗಿಸಿದರು. ಸಾಧ್ಯವಾದರೆ ಅದನ್ನು ನೋಡಿ. ತಂದೆ ಮಗ ಹೊಳೆಯಲ್ಲಿ ನಿಂತು ಗಾಳ ಬೀಸುವ ದೃಶ್ಯವೊಂದಿದೆ. ಎರಡು ಕೋಲುಗಳೂ ಒಂದೇ ಲಯದಲ್ಲಿ ಎದ್ದು ನೀರಿನ ಹರಿವಿನೊಡನೆ ಸರಿಯುತ್ತಿರುತ್ತವೆ. ಇನ್ನು ಮುಂದೆ ನಾವಿಬ್ಬರೂ ಬೇರೆ ಬೇರೆ ಊರಿನಲ್ಲಿ ಇರಬೇಕಾಗುತ್ತದೆ ಎಂದು ತಂದೆ ಹೇಳುತ್ತಿದ್ದಂತೆ ಹುಡುಗನ ಕೋಲು ನಿಂತುಬಿಡುತ್ತದೆ. ತಂದೆಯದು ಮಾತ್ರ ಹಿಂದಿನಂತೆಯೇ ಏಳುತ್ತಾ ಬೀಳುತ್ತಾ ಇರುತ್ತದೆ. ಆ ಕೈ ಲಯ ತಪ್ಪುವುದಿಲ್ಲ ಎಂಬುದೇ ದೃಶ್ಯದ ನೋವು.

ಗ್ಯಾಲರಿ ಸೀಟು ಉತ್ತರಿಸಿದ್ದಾರೆ:

ಮೇಲಿನ ಮಾಹಿತಿಗೆ ಧನ್ಯವಾದಗಳು, ಆದರೆ ಮೂಲ ಪ್ರಶ್ನೆಗೆ ನನ್ನ ಉತ್ತರ ಬೇರೆಯೇ. ರಿಯು ಒಳ್ಳೆಯ ಮನುಷ್ಯರಂತೆ ಕಾಣುತ್ತಾರೆ, ನಿಜ. ದೊಡ್ಡ ನಟರು ಎಂದು ಮಾತ್ರ ನನಗೆ ಅನ್ನಿಸಿಲ್ಲ. ಓಜು ಅವರು ಚಹಾ ಲೋಟ ಎತ್ತುವ ರೀತಿಯಿಂದ ಹಿಡಿದು ಕತ್ತು ಹೊರಳಿಸುವ ಕ್ಷಣದವರೆಗೆ ಎಲ್ಲವನ್ನೂ ತಾವೇ ಮಾಡಿ ತೋರಿಸುತ್ತಿದ್ದರು, ಬರೆದ ಮಾತಿನಲ್ಲಿ ಒಂದಕ್ಷರವನ್ನೂ ಬದಲಾಯಿಸಲು ಬಿಡುತ್ತಿರಲಿಲ್ಲ, ಮನಸ್ಸಿಗೆ ಬರುವವರೆಗೆ ಅದೇ ಶಾಟನ್ನು ಮತ್ತೆ ಮತ್ತೆ ತೆಗೆಯುತ್ತಿದ್ದರು ಎಂಬುದು ಎಲ್ಲರಿಗೂ ತಿಳಿದ ಸಂಗತಿ. ಜರ್ಮನಿಯ ನಿರ್ದೇಶಕ ವಿಮ್ ವೆಂಡರ್ಸ್ ಅವರ 1985ರ ಸಾಕ್ಷ್ಯಚಿತ್ರ ‘ಟೋಕಿಯೋ-ಗಾ’ದಲ್ಲಿ ಸ್ವತಃ ರಿಯು ಕುಳಿತು ಮಾತನಾಡಿದ್ದಾರೆ, ತಾವು ಗುರುಗಳು ಹೇಳಿದ್ದನ್ನು ಮಾಡಿದ ಶಿಷ್ಯ ಮಾತ್ರ ಎಂಬ ಧಾಟಿಯನ್ನು ಅವರು ಎಲ್ಲಿಯೂ ಬಿಟ್ಟುಕೊಡುವುದಿಲ್ಲ. ನಟರೇ ಹಾಗೆ ಹೇಳುವಾಗ ನಾವು ಅದನ್ನು ಅಲ್ಲಗಳೆಯುವುದು ಯಾಕೆ? ಸೂತ್ರದ ಬೊಂಬೆ ಚೆನ್ನಾಗಿ ಕುಣಿದರೆ ಶಹಭಾಸ್‌ಗಿರಿ ಸೂತ್ರ ಹಿಡಿದವರಿಗೆ ಸಲ್ಲಬೇಕು.

ನೇಪಥ್ಯ ಉತ್ತರಿಸಿದ್ದಾರೆ:

ಗ್ಯಾಲರಿ ಸೀಟು ಅವರೇ, ನಟರು ವಿನಯದಿಂದ ಆಡಿದ ಮಾತನ್ನು ಅವರ ಮೇಲೆಯೇ ಸಾಕ್ಷಿಯಾಗಿ ತಿರುಗಿಸುವುದು ನ್ಯಾಯವಲ್ಲ. ಅದರಲ್ಲೂ ಮೇಜಿ ಚಕ್ರವರ್ತಿಯ ಕಾಲದಲ್ಲಿ ಹುಟ್ಟಿ, ಗುಡಿಯಲ್ಲಿ ಬೆಳೆದು, ಒಂದೇ ಸ್ಟುಡಿಯೊದಲ್ಲಿ ಹತ್ತು ವರ್ಷ ಕೊನೆಯ ಸಾಲಿನಲ್ಲಿ ನಿಂತ ವ್ಯಕ್ತಿ ತನ್ನ ಗುರುವಿನ ಬಗ್ಗೆ ಬೇರೆ ಹೇಗೆ ತಾನೇ ಮಾತನಾಡಿಯಾರು?

ತಾವು ಹೇಳಿದ ಸೂತ್ರ ಒಮ್ಮೆ ಕಡಿದಿದೆ ಎಂಬುದನ್ನೂ ನೆನಪಿಸಬೇಕು. ‘ಲೇಟ್ ಸ್ಪ್ರಿಂಗ್’ನ ಕೊನೆಯನ್ನು ಮತ್ತೊಮ್ಮೆ ನೋಡಿ. ಮಗಳ ಮದುವೆಯಾಗಿದೆ. ಮಗಳು ತನ್ನನ್ನು ಬಿಟ್ಟು ಹೋಗಲು ಒಪ್ಪಲಿ ಎಂದು ತಾನೂ ಮರುಮದುವೆಯಾಗುವುದಾಗಿ ಹೇಳಿದ್ದು ಸುಳ್ಳು, ಬದುಕಿನಲ್ಲಿ ಅಂಥ ಸುಳ್ಳು ಇನ್ನೊಂದನ್ನು ಹೇಳಿಲ್ಲ ಎಂದು ಆತ ಮಗಳ ಗೆಳತಿಗೆ ತಿಳಿಸಿ ಬಂದಿದ್ದಾನೆ. ಖಾಲಿ ಮನೆ. ಕೋಟು ಕಳಚಿ, ಕುರ್ಚಿಯಲ್ಲಿ ಕುಳಿತು, ಸೇಬು ಹಣ್ಣಿನ ಸಿಪ್ಪೆ ಹೆರೆಯತೊಡಗುತ್ತಾನೆ. ಸಿಪ್ಪೆ ತುಂಡಾಗದೆ ಉದ್ದಕ್ಕೆ ಸುರುಳಿಯಾಗಿ ಇಳಿಯುತ್ತಾ ಹೋಗಿ, ಕಡೆಗೆ ಕಳಚಿ ಬೀಳುತ್ತದೆ. ಕೈ ನಿಲ್ಲುತ್ತದೆ, ತಲೆ ಮೆಲ್ಲನೆ ಬಾಗುತ್ತದೆ. ಅಷ್ಟೇ, ಮುಂದಿನ ಶಾಟು ಸಮುದ್ರದ ಅಲೆಗಳದು. ಇಲ್ಲಿ ಗಟ್ಟಿಯಾಗಿ ಅಳಬೇಕೆಂದು ಓಜು ಕೇಳಿದ್ದರಂತೆ. ಅದು ತನ್ನಿಂದಾಗದು ಎಂದು ರಿಯು ಹೇಳಿದರು. ಗುರುಗಳಿಗೆ ತಾನು ‘ಆಗದು’ ಎಂದದ್ದು ಅದೊಂದೇ ಸಲ ಎಂದು ಮುಂದೆ ಅವರು ನೆನಪಿಸಿಕೊಂಡಿದ್ದಾರೆ. ಓಜು ಒತ್ತಾಯಿಸದೆ ಆ ಬೇಡಿಕೆಯನ್ನು ಕೈಬಿಟ್ಟರು. ಈಗ ಹೇಳಿ, ಜಗತ್ತಿನ ಸಿನಿಮಾದಲ್ಲಿ ಇಷ್ಟು ಹೆಸರಾದ ಆ ಬಾಗಿದ ತಲೆ ಯಾರ ತೀರ್ಮಾನ? ನಟನಿಗೆ ಅಳು ಬರಲಿಲ್ಲ ಎಂದು ಕೆಲವರು ಅದನ್ನು ಅವರ ಮಿತಿಯಾಗಿ ಬರೆಯುತ್ತಾರೆ. ಆ ಪ್ರಾಧ್ಯಾಪಕ ಅಳುವವನಲ್ಲ ಎಂಬುದು ನಿರ್ದೇಶಕರಿಗಿಂತ ಮೊದಲು ನಟನ ಮೈಗೆ ತಿಳಿದಿತ್ತು ಎಂದು ನಾನು ಓದಿಕೊಳ್ಳುತ್ತೇನೆ.

ಅವರು ಹಾಡಿ, ಕುಡಿದು, ನಗಿಸಿದ್ದನ್ನೂ ಮರೆಯಬಾರದು. 1947ರ ‘ರೆಕಾರ್ಡ್ ಆಫ್ ಎ ಟೆನೆಮೆಂಟ್ ಜೆಂಟಲ್‌ಮನ್’ನಲ್ಲಿ ನೆರೆಹೊರೆಯವರ ನಡುವೆ ಕುಳಿತು, ಜಾತ್ರೆಯಲ್ಲಿ ಪೆಟ್ಟಿಗೆಯೊಳಗಿನ ಚಿತ್ರ ತೋರಿಸುವವರು ರಾಗವಾಗಿ ಹೇಳುವ ಕಥನವನ್ನು ತಾಳ ತಟ್ಟಿಕೊಂಡು ಹಾಡುತ್ತಾರೆ, ಕೇಳುವವರು ಬಟ್ಟಲುಗಳ ಮೇಲೆ ತಾಳ ಹಾಕುತ್ತಾರೆ. ಹೊರಗಿನಿಂದ ಯಾರೋ ಕೀಲಿ ಕೊಟ್ಟು ಬಿಟ್ಟರೆ ಬರುವಂಥ ಲವಲವಿಕೆಯಲ್ಲ ಅದು. 1962ರ ಚಿತ್ರದಲ್ಲಿ ಹಳೆಯ ನೌಕಾಪಡೆಯ ಕೈಕೆಳಗಿನವನೊಬ್ಬ ಬಾರಿನಲ್ಲಿ ಸಿಕ್ಕಿ, ಯುದ್ಧನೌಕೆಯ ಮೆರವಣಿಗೆಯ ಹಾಡಿಗೆ ಸಲ್ಯೂಟ್ ಹೊಡೆಯುತ್ತಾ ಓಡಾಡುವಾಗ, ರಿಯು ನಗುತ್ತಲೇ ಕೈ ಎತ್ತಿ ಸಲ್ಯೂಟ್ ಕೊಡುತ್ತಾರೆ. ಯುದ್ಧ ಸೋತದ್ದೇ ಒಳ್ಳೆಯದಾಯಿತಲ್ಲ ಎಂದು ಅದಕ್ಕೆ ಸ್ವಲ್ಪ ಮೊದಲು ಮೆಲ್ಲಗೆ ಆಡಿದವರೂ ಅವರೇ. ಒಂದೇ ಮುಖದ ಮೇಲೆ ಈ ಎರಡೂ ಇರುವಂತೆ ಮಾಡುವುದನ್ನು ನಿರ್ದೇಶಕರು ಕಲಿಸಿಕೊಡಬಹುದೇ? ನನಗೆ ನಂಬಿಕೆಯಿಲ್ಲ.

ಓಜು ಅವರ ಹೊರಗೂ ಸ್ವಲ್ಪ ನೋಡೋಣ. 1941ರಲ್ಲಿ ಹಿರೋಶಿ ಶಿಮಿಜು ಅವರ ‘ಆರ್ನಮೆಂಟಲ್ ಹೇರ್‌ಪಿನ್’ ಬಂತು. ಬಿಸಿನೀರಿನ ಬುಗ್ಗೆಯ ವಸತಿಗೃಹದಲ್ಲಿ ತಂಗಿದ್ದ ಸೈನಿಕನೊಬ್ಬ ಸ್ನಾನಕ್ಕಿಳಿದಾಗ ಯಾರೋ ಹೆಂಗಸು ಬೀಳಿಸಿಕೊಂಡ ಮುಡಿಪಿನ್ನು ಕಾಲಿಗೆ ಚುಚ್ಚುತ್ತದೆ. ಪಿನ್ನನ್ನು ಹುಡುಕಿಕೊಂಡು ಬರುವಾಕೆ ಕಿನುಯೊ ತನಾಕಾ. ಮುಂದಿನದೆಲ್ಲ ಆ ಸೈನಿಕ ಮತ್ತೆ ನಡೆಯಲು ಕಲಿಯುವ ಕತೆ. ಇಬ್ಬರು ಹುಡುಗರು ಹುರಿದುಂಬಿಸುತ್ತಿರುವಾಗ ಹೊಳೆಗೆ ಹಾಕಿದ ಕಿರಿದಾದ ಹಲಗೆಯ ಸಂಕದ ಮೇಲೆ ರಿಯು ಕುಂಟುತ್ತಾ ದಾಟುತ್ತಾರೆ. ಹೊಸ್ತಿಲು ಅವರು ಕೇಳಿದ ‘ಯುವಕ ರಿಯು’ ಇಲ್ಲಿ ಸಿಗುತ್ತಾರೆ, ಮುಖ್ಯ ಪಾತ್ರದಲ್ಲಿಯೇ. ಹುಡುಗಿಯೊಬ್ಬಳ ಮನಸ್ಸು ಇಂಥವರ ಕಡೆಗೆ ವಾಲುವುದು ಸಹಜ ಎಂದು ನೋಡುವವರಿಗೆ ಅನ್ನಿಸುತ್ತದೆ.

ಹಳೇ ರೀಲು ಉತ್ತರಿಸಿದ್ದಾರೆ:

ನೇಪಥ್ಯ ಅವರು ಶಿಮಿಜು ಅವರ ಚಿತ್ರವನ್ನು ನೆನಪಿಸಿದ್ದು ಒಳ್ಳೆಯದಾಯಿತು. ನನ್ನ ಮೊದಲ ಉತ್ತರದ ‘ಯಾರೂ ನೋಡಲಿಲ್ಲ’ ಎಂಬ ಮಾತನ್ನು ಅಷ್ಟರ ಮಟ್ಟಿಗೆ ತಿದ್ದಿಕೊಳ್ಳುತ್ತೇನೆ.

ಓಜು ತೀರಿಕೊಂಡದ್ದು 1963ರ ಡಿಸೆಂಬರ್ 12ರಂದು, ಸರಿಯಾಗಿ ಅವರ ಅರವತ್ತನೆಯ ಹುಟ್ಟುಹಬ್ಬದ ದಿನ. ಅವರ 54 ಚಿತ್ರಗಳಲ್ಲಿ 52ರಲ್ಲಿ ರಿಯು ಇದ್ದಾರೆಂಬುದು ಸಾಮಾನ್ಯವಾಗಿ ಕೊಡುವ ಲೆಕ್ಕ. ಸೆತ್ಸುಕೊ ಹರಾ ಅದರ ಸುಮಾರಿಗೆ ಸಿನಿಮಾ ಬಿಟ್ಟು ಕಾಮಾಕುರಾದ ಮನೆಯೊಳಗೆ ಮರೆಯಾದರು, 2015ರಲ್ಲಿ ತೀರಿಕೊಳ್ಳುವವರೆಗೆ ಮತ್ತೆ ಜನರ ಮುಂದೆ ಬರಲಿಲ್ಲ. ರಿಯು ಮಾತ್ರ ಇನ್ನೂ ಮೂವತ್ತು ವರ್ಷ ಕೆಲಸ ಮಾಡಿದರು. ಬೊಂಬೆಯ ಹೋಲಿಕೆ ನನಗೆ ಒಪ್ಪಿಗೆಯಾಗದಿರುವುದು ಈ ಮೂವತ್ತು ವರ್ಷಗಳ ಕಾರಣಕ್ಕೆ. ಸೂತ್ರಧಾರ ಹೋದ ಮೇಲೂ ಇಷ್ಟು ಕಾಲ ಕುಣಿಯುವ ಬೊಂಬೆಯನ್ನು ನಾನಂತೂ ಕಂಡಿಲ್ಲ. 1965ರಲ್ಲಿ ಕುರೊಸಾವಾ ಅವರ ‘ರೆಡ್ ಬಿಯರ್ಡ್’ನಲ್ಲಿ ತರುಣ ವೈದ್ಯನ ತಂದೆ, ತಾಯಿಯ ಪಾತ್ರದಲ್ಲಿ ಅದೇ ಕಿನುಯೊ ತನಾಕಾ, ಅಂದರೆ ಮುಡಿಪಿನ್ನಿನ ಜೋಡಿ ಇಪ್ಪತ್ತನಾಲ್ಕು ವರ್ಷಗಳ ಮೇಲೆ ಗಂಡ ಹೆಂಡತಿಯಾಗಿ ಬಂದಂತಾಯಿತು. 1967ರ ‘ಜಪಾನ್ಸ್ ಲಾಂಗೆಸ್ಟ್ ಡೇ’ಯಲ್ಲಿ, ಯುದ್ಧ ನಿಲ್ಲಿಸುವ ತೀರ್ಮಾನವನ್ನು ಸಂಪುಟದಿಂದ ಹೊರಡಿಸಬೇಕಾಗಿದ್ದ ಪ್ರಧಾನಿ ಕಾಂತಾರೊ ಸುಜುಕಿ. ಎದುರಿಗೆ ಯುದ್ಧಮಂತ್ರಿಯಾಗಿ ತೋಶಿರೊ ಮಿಫುನೆ ಬಿಗಿದ ಬಿಲ್ಲಿನಂತೆ ಕುಳಿತಿರುವಾಗ, ರಿಯು ಕಿವಿ ಮಂದವಾದ ಹಿರಿಯರಂತೆ ಎಲ್ಲವನ್ನೂ ಕೇಳಿಸಿಕೊಂಡೂ ಕೇಳಿಸಿಕೊಳ್ಳದಂತೆ ಇರುತ್ತಾರೆ. ಆ ಕೋಣೆಯಲ್ಲಿ ಹೆಚ್ಚು ಹಟಮಾರಿ ಯಾರೆಂಬುದು ನಮಗೆ ನಿಧಾನವಾಗಿ ಗೊತ್ತಾಗುತ್ತದೆ.

ಇಷ್ಟಾದರೂ ಜಪಾನಿನ ಸಾಮಾನ್ಯ ಪ್ರೇಕ್ಷಕರಿಗೆ ಅವರು ಪರಿಚಿತರಾದದ್ದು ಬೇರೊಂದು ಪಾತ್ರದಿಂದ. 1969ರಲ್ಲಿ ಯೋಜಿ ಯಾಮಾದಾ ಅವರ ‘ತೋರಾ-ಸಾನ್’ ಸರಣಿ ಶುರುವಾಯಿತು. ಊರೂರು ಅಲೆಯುವ ವ್ಯಾಪಾರಿಯಾಗಿ ಕಿಯೋಶಿ ಅತ್ಸುಮಿ, ಟೋಕಿಯೋದ ಶಿಬಾಮಾತಾದ ಗುಡಿಯ ಹಿರಿಯ ಅರ್ಚಕರಾಗಿ ರಿಯು. ಅರ್ಚಕವೃತ್ತಿ ಬಿಟ್ಟು ಓಡಿಬಂದವರು ಇಪ್ಪತ್ತಮೂರು ವರ್ಷ ತೆರೆಯ ಮೇಲೆ ಅರ್ಚಕರಾಗಿಯೇ ಉಳಿದರು. 1984ರಲ್ಲಿ ಜುಜೊ ಇತಾಮಿ ಅವರ ‘ದಿ ಫ್ಯೂನರಲ್’ನಲ್ಲಿಯೂ ಪುರೋಹಿತರೇ, ಆದರೆ ಅಲ್ಲಿ ಸಾವಿನ ಮನೆಗೆ ರೋಲ್ಸ್ ರಾಯ್ಸ್ ಕಾರಿನಲ್ಲಿ ಬಂದಿಳಿಯುತ್ತಾರೆ! ಮಾತಿನ ವಿಷಯವನ್ನೂ ಹೇಳಬೇಕು. ಕುಮಾಮೊಟೊದ ಉಚ್ಚಾರ ಅವರ ನಾಲಿಗೆಯನ್ನು ಕೊನೆಯವರೆಗೂ ಬಿಡಲಿಲ್ಲ. ಟೋಕಿಯೋ ಗುಡಿಯ ಅರ್ಚಕರು ಕ್ಯೂಶು ಸೀಮೆಯ ಎಳೆತದಲ್ಲಿ ಮಾತನಾಡಿದರೂ ಯಾರೂ ಆಕ್ಷೇಪಿಸಲಿಲ್ಲ. ಅಡಿಬರಹ ಓದಿಕೊಂಡು ನೋಡುವ ನಮಗೆ ಅದು ತಪ್ಪಿಹೋಗುತ್ತದೆ, ಆದರೆ ಮಾತಿನ ಕೊನೆಯನ್ನು ನೆಲಕ್ಕೆ ಇಳಿಸಿಟ್ಟಂತೆ ಮುಗಿಸುವ ಅವರ ರೀತಿ ಭಾಷೆ ಬಾರದ ಕಿವಿಗೂ ತಿಳಿಯುತ್ತದೆ.

ಹೊಸ್ತಿಲು ಉತ್ತರಿಸಿದ್ದಾರೆ:

ಮೂವರಿಗೂ ಕೃತಜ್ಞತೆಗಳು. ಎರಡು ವಾರ ತಡವಾಗಿ ಬರೆಯುತ್ತಿದ್ದೇನೆ, ಏಕೆಂದರೆ ಬರೆಯುವ ಮೊದಲು ಕೆಲವನ್ನಾದರೂ ನೋಡಬೇಕಿತ್ತು. ‘ಆರ್ನಮೆಂಟಲ್ ಹೇರ್‌ಪಿನ್’ ನೋಡಿದೆ. ಹಲಗೆಯ ಸಂಕ ದಾಟುವಾಗ ಅವರು ನಗುವುದನ್ನು ಕಂಡು, ಇದೇ ನಗೆಯನ್ನು ಮುಂದೆ ಎಷ್ಟೋ ಚಿತ್ರಗಳಲ್ಲಿ ಮುದುಕರ ಮುಖದ ಮೇಲೆ ನೋಡಿದ್ದೇನಲ್ಲ ಎನ್ನಿಸಿತು.

‘ಟೋಕಿಯೋ ಸ್ಟೋರಿ’ಯ ಕೊನೆಯನ್ನೂ ಮತ್ತೆ ಹಾಕಿಕೊಂಡು ನೋಡಿದೆ. ಹೆಂಡತಿ ತೀರಿಕೊಂಡಿದ್ದಾರೆ, ಮಕ್ಕಳೆಲ್ಲ ಹೋಗಿಯಾಗಿದೆ. ಮೊದಲ ದೃಶ್ಯದಲ್ಲಿ ಕಿಟಕಿಯ ಬಳಿ ನಿಂತು ಮಾತನಾಡಿಸಿದ್ದ ನೆರೆಮನೆಯ ಹೆಂಗಸೇ ಮತ್ತೆ ಬರುತ್ತಾರೆ. ಒಬ್ಬರೇ ಇದ್ದರೆ ದಿನ ಬಹಳ ಉದ್ದವಾಗಿಬಿಡುತ್ತದೆ ಎಂದು ರಿಯು ಆಕೆಗೆ ಹೇಳುತ್ತಾರೆ, ಅದೂ ಮುಗುಳ್ನಗುತ್ತಾ, ಹವೆಯ ಸುದ್ದಿ ಹೇಳಿದಂತೆ. ಆಕೆ ಹೋದ ಮೇಲೆ ಬೀಸಣಿಗೆ ಬೀಸಿಕೊಳ್ಳುತ್ತಾ ಹೊರಗೆ ನೋಡುತ್ತಾರೆ. ಮೊದಲ ಸಲ ನಾನು ಮುಖವನ್ನು ನೋಡಿದ್ದೆ. ಈ ಸಲ ಬೀಸಣಿಗೆಯನ್ನೇ ನೋಡುತ್ತಾ ಕುಳಿತೆ. ಮನೆಯಲ್ಲಿ ಇನ್ನೊಬ್ಬರಿದ್ದಾಗ ಸೆಖೆಗೆ ಬೀಸಿಕೊಳ್ಳುವ ರೀತಿಯೇ ಬೇರೆ, ಇದೇ ಬೇರೆ. ನಲವತ್ತೊಂಬತ್ತರ ಮನುಷ್ಯನಿಗೆ ಇದು ಹೇಗೆ ತಿಳಿಯಿತೋ! ತಾಯಿಯವರ ಮಾತನ್ನು ನಾನು ಪ್ರಶ್ನೆಯಾಗಿ ಮುಂದಿಟ್ಟಿದ್ದು ಅವಸರವಾಯಿತೇನೋ. ಈ ಸಲ ಅವರು ಆ ದೃಶ್ಯ ಮುಗಿಯುವ ಮೊದಲೇ ಎದ್ದು ಒಳಗೆ ಹೋದರು.

ಕೊನೆಯದಾಗಿ ಒಂದು ಪ್ರಶ್ನೆ. ಅವರ ಅಂತಿಮ ವರ್ಷಗಳ ಕೆಲಸದಲ್ಲಿ ಯಾವುದನ್ನು ನೋಡಬೇಕು?

ನೇಪಥ್ಯ ಉತ್ತರಿಸಿದ್ದಾರೆ:

ಯಾವ ಸಂದೇಹವೂ ಇಲ್ಲದೆ ಕುರೊಸಾವಾ ಅವರ 1990ರ ‘ಡ್ರೀಮ್ಸ್’ನ ಕೊನೆಯ ಭಾಗ. ನಾಗಾನೋ ಪ್ರಾಂತ್ಯದ ಅಜುಮಿನೋದಲ್ಲಿ ಚಿತ್ರಿಸಿದ ನೀರಿನ ಗಿರಣಿಗಳ ಹಳ್ಳಿ. ಎಂಬತ್ತೈದು ದಾಟಿದ ರಿಯು 103 ವರ್ಷದ ಅಜ್ಜ. ಕೊನೆಗೂ ತಮಗಿಂತ ಹಿರಿಯನ ಪಾತ್ರವನ್ನೇ ಹುಡುಕಿಕೊಂಡರು! ಹೊರಗಿನಿಂದ ಬಂದ ಯುವಕನಿಗೆ ವಿದ್ಯುತ್ತಿಲ್ಲದ ಊರಿನ ಬದುಕನ್ನು ವಿವರಿಸುತ್ತಿರುವಾಗ ದೂರದಲ್ಲಿ ವಾದ್ಯದ ಸದ್ದು ಕೇಳುತ್ತದೆ. ಅದು 99 ವರ್ಷದ ಮುದುಕಿಯೊಬ್ಬಳ ಶವಯಾತ್ರೆ. ಆಕೆಯೇ ತನ್ನ ಮೊದಲ ಪ್ರೇಮ, ಆದರೆ ಕೈಕೊಟ್ಟು ಬೇರೆಯವನನ್ನು ಮದುವೆಯಾದಳು ಎಂದು ಹೇಳಿ ಗಟ್ಟಿಯಾಗಿ ನಕ್ಕು, ಒಳಗೆ ಹೋಗಿ ಕೆಂಪು ಮೇಲಂಗಿ ತೊಟ್ಟು, ಕೈಯಲ್ಲಿ ಗೆಜ್ಜೆಗೊಂಚಲು ಹಿಡಿದು ಮೆರವಣಿಗೆ ಸೇರಿಕೊಳ್ಳುತ್ತಾರೆ. ಅಳಲಾರೆ ಎಂದಿದ್ದ ನಟ ಸಾವಿನ ಮುಂದೆ ಕುಣಿಯುತ್ತಾ ನಡೆಯುವುದನ್ನು ನೋಡಿ. 1992ರ ಕೊನೆಯಲ್ಲಿ ಬಿಡುಗಡೆಯಾದ 45ನೆಯ ‘ತೋರಾ-ಸಾನ್’ ಚಿತ್ರದಲ್ಲಿಯೂ ಅವರಿದ್ದಾರೆ. 1993ರ ಮಾರ್ಚ್ 16ರಂದು, 88ನೆಯ ವಯಸ್ಸಿನಲ್ಲಿ ತೀರಿಕೊಂಡರು.

ಗ್ಯಾಲರಿ ಸೀಟು ಉತ್ತರಿಸಿದ್ದಾರೆ:

ಓಜು ಇಲ್ಲದಿದ್ದರೆ ಈ ಚರ್ಚೆಯೇ ಇರುತ್ತಿರಲಿಲ್ಲ ಎಂಬ ನನ್ನ ಅಭಿಪ್ರಾಯವನ್ನು ಬಿಡುವುದಿಲ್ಲ, ಆದರೆ ಬೊಂಬೆ ಎಂದ ಮಾತನ್ನು ಹಿಂದಕ್ಕೆ ಪಡೆಯುತ್ತೇನೆ. ದಂಡವಾಗಿ ಒಂದು ಚಿತ್ರವನ್ನು ಸೂಚಿಸುತ್ತೇನೆ. ವೆಂಡರ್ಸ್ ಅವರದೇ 1991ರ ‘ಅಂಟಿಲ್ ದಿ ಎಂಡ್ ಆಫ್ ದಿ ವರ್ಲ್ಡ್’ ಬಹಳ ಉದ್ದದ, ಊರೂರು ಸುತ್ತುವ ಚಿತ್ರ. ನಡುವೆ ಜಪಾನಿನ ಒಂದು ವಸತಿಗೃಹ ಬರುತ್ತದೆ. ಕಣ್ಣು ಕೆಟ್ಟ ನಾಯಕನಿಗೆ ಗಿಡಮೂಲಿಕೆಯ ಔಷಧಿ ಮಾಡುವ ಶ್ರೀ ಮೋರಿ ಎಂಬ ಮುದುಕರು ರಿಯು. ಪಕ್ಕದಲ್ಲಿರುವ ಅವರ ಹೆಂಡತಿಯನ್ನು ಗಮನಿಸಿ ನೋಡಿ. ಆಕೆ ಕುನಿಕೊ ಮಿಯಾಕೆ. 1951ರ ‘ಅರ್ಲಿ ಸಮ್ಮರ್’ನಲ್ಲಿ ರಿಯು ಅವರ ಹೆಂಡತಿಯಾಗಿದ್ದವರು, 1959ರ ‘ಗುಡ್ ಮಾರ್ನಿಂಗ್’ನಲ್ಲಿ ಟೀವಿಗಾಗಿ ಮುಷ್ಕರ ಹೂಡಿದ ಇಬ್ಬರು ಹುಡುಗರನ್ನು ಅವರ ಜೊತೆ ಸಾಕಿದವರು. ನಲವತ್ತು ವರ್ಷಗಳ ಮೇಲೆ ಇಬ್ಬರೂ ಚಾಪೆ ಹಾಸಿದ ಕೋಣೆಯಲ್ಲಿ ಮತ್ತೆ ಅಕ್ಕಪಕ್ಕ ಕುಳಿತಿದ್ದಾರೆ.